ಮದುಮಗನ ಅಂಗಿ

ಬಚ್ಚಲಿನ ಎರಡನೆಯ ಬಕೆಟ್ಟು ಅರ್ಧ ತುಂಬಿದಾಗ ಫೋನು ಹೊಡೆದುಕೊಂಡಿತು. ಬೇಸಗೆಯಲ್ಲಿ ಕುವೈತಿನ ಸಾಲ್ಮಿಯಾದ ಆ ಹಳೆಯ ಕಟ್ಟಡದ ನಲ್ಲಿಗಳಲ್ಲಿ ಬರುವುದು ಕುದಿನೀರೇ. ತಾರಸಿಯ ಟ್ಯಾಂಕಿ ಇಡೀ ಹಗಲು ಬೆಂದು ರಾತ್ರಿಯೂ ಆರುವುದಿಲ್ಲ. ಹಾಗಾಗಿ ಉಮಾವತಿ ಎದ್ದ ಕೂಡಲೇ ಬಕೆಟ್ಟುಗಳನ್ನು ತುಂಬಿಸಿ ಗೋಡೆಯ ಬದಿಗೆ ಸಾಲಾಗಿ ಇಟ್ಟುಬಿಡುತ್ತಿದ್ದಳು. ಮಧ್ಯಾಹ್ನದ ಹೊತ್ತಿಗೆ ಅದು ಮೈಮೇಲೆ ಹೊಯ್ದುಕೊಳ್ಳುವಷ್ಟು ತಣಿಯುತ್ತಿತ್ತು. ಒದ್ದೆ ಕೈಯನ್ನು ನೈಟಿಗೆ ಒರೆಸಿಕೊಳ್ಳುತ್ತಾ ಅವಳು ಹಾಲಿಗೆ ಓಡಿದಳು. ಊರಿನ ಫೋನು ಬೆಳಗ್ಗೆ ಬಂತೆಂದರೆ ಅವಳಿಗೆ ಕೆಟ್ಟ ಸುದ್ದಿಯದೇ ಯೋಚನೆ.

ದೊಡ್ಡಣ್ಣ. ಮೊದಲು ಮಳೆಯ ವಿಷಯ ಹೇಳಿದ, ಆಮೇಲೆ ತನ್ನ ಮೊಣಕಾಲಿನ ವಿಷಯ. ಅವನು ಹೀಗೆ ಸುತ್ತು ಬಳಸಿ ಬರುವುದು ಏನಾದರೂ ಕೇಳಲಿಕ್ಕಿರುವಾಗ ಮಾತ್ರ.

"ನಮ್ಮ ಲೋಕುವಿಗೆ ಒಂದು ಸಂಬಂಧ ಕೂಡಿ ಬಂದಿದೆ ಉಮಾ," ಎಂದ ಕೊನೆಗೆ. "ಒಳ್ಳೆ ಮನೆತನ. ಕಟಪಾಡಿಯವರು."

ಲೋಕನಾಥ ಅವರಿಬ್ಬರ ತಮ್ಮ. ಅವನು ಸತ್ತು ಎರಡು ವರ್ಷವಾಗಿತ್ತು.

ದೊಡ್ಡಣ್ಣ ಸಾವಕಾಶವಾಗಿ ವಿವರಿಸಿದ. ಅವನ ಮಗಳಿಗೆ ಬಂದ ಸಂಬಂಧಗಳೆಲ್ಲ ಇನ್ನೇನು ಆಯಿತು ಎನ್ನುವಾಗ ಮುರಿದು ಬೀಳುತ್ತಿದ್ದವು. ಜೋಯಿಸರಲ್ಲಿ ಪ್ರಶ್ನೆ ಇಟ್ಟು ನೋಡಿಸಿದಾಗ, ಮನೆಯಲ್ಲಿ ಮದುವೆಯಾಗದೆ ಹೋದ ಗಂಡಿನ ಕುಲೆ, ಅಂದರೆ ಪ್ರೇತ, ಇದೆ, ಅದಕ್ಕೊಂದು ಜೊತೆಯಾಗದೆ ಹೆಣ್ಣುಮಕ್ಕಳ ಕುತ್ತಿಗೆಗೆ ಕರಿಮಣಿ ಬೀಳುವುದಿಲ್ಲ ಎಂದು ಕಂಡುಬಂತಂತೆ. ಇದಕ್ಕೆ ಅವರ ತುಳುನಾಡಿನಲ್ಲಿ ಹಿಂದಿನಿಂದ ಬಂದ ದಾರಿ ಇದ್ದೇ ಇದೆ. ಬದುಕಿರುವವರ ಮದುವೆ ಯಾವುದೂ ನಡೆಯದ ಆಟಿ ತಿಂಗಳಲ್ಲಿ ಸತ್ತವರ ಮದುವೆ ಮಾಡುತ್ತಾರೆ. ಎರಡು ಮಣೆ ಹಾಕಿ, ಒಂದರ ಮೇಲೆ ಸೀರೆ, ಇನ್ನೊಂದರ ಮೇಲೆ ಪಂಚೆ ಅಂಗಿ ಇಟ್ಟು, ಧಾರೆಯೆರೆದು, ಎರಡು ಎಲೆಗೆ ಬಡಿಸುತ್ತಾರೆ. ಹುಡುಗಿ ಹುಡುಕುವುದು ಕೂಡ ಬದುಕಿದವರಿಗೆ ಹುಡುಕಿದ ಹಾಗೆಯೇ, ಮನೆತನ ನೋಡಿ, ಗೋತ್ರದ ಹಾಗಿನ ಬಳಿ ನೋಡಿ. ಕಟಪಾಡಿಯ ಆ ಹುಡುಗಿ ಮಗುವಾಗಿದ್ದಾಗ ಕೆರೆಗೆ ಬಿದ್ದು ಹೋದವಳು.

"ಮಗುವಾ?" ಎಂದಳು ಉಮಾವತಿ.

"ಈಗ ಮಗು ಅಲ್ಲ ಮಾರಾಯ್ತಿ. ಅಲ್ಲಿಯೂ ಬೆಳೀತಾರಲ್ಲ. ಇದ್ದಿದ್ರೆ ಮೂವತ್ತರ ಹತ್ರ. ಲೋಕುವಿಗೆ ಸರಿಯಾದ ಜೋಡಿ."

ಅವಳಿಂದ ಆಗಬೇಕಾದದ್ದು ಎರಡು ಕೆಲಸ. ಮದುಮಗನ ಮಣೆಗೆ ಇಡಲು ಲೋಕು ತೊಟ್ಟ ಒಂದು ಅಂಗಿ ಬೇಕಿತ್ತು. ಅವನ ಬಟ್ಟೆಬರೆ ಎಲ್ಲ ಕುವೈತಿನಲ್ಲೇ ಉಳಿದಿತ್ತು. ಇನ್ನೊಂದು ಒಪ್ಪಿಗೆ. ಕುಟುಂಬ ಹೆಣ್ಣಿನ ಕಡೆಯಿಂದ ಇಳಿದು ಬರುವಂಥದು, ಅಮ್ಮ ಇಲ್ಲ, ಅಂದ ಮೇಲೆ ಅಕ್ಕನೇ ಹೇಳಬೇಕು. ಬರುವ ಆದಿತ್ಯವಾರ ನಿಶ್ಚಯ. ಫೋನು ಸ್ಪೀಕರಿಗೆ ಹಾಕಿ ಇಡುತ್ತೇವೆ, ಊರಿನ ಮುಖ್ಯಸ್ಥರಾದ ಗುರಿಕಾರರು ಮೂರು ಸಲ ಕೇಳುತ್ತಾರೆ, ನೀನು ಒಪ್ಪಿಗೆ ಎಂದರೆ ಮುಗಿಯಿತು ಎಂದ.

ಫೋನು ಇಟ್ಟಾಗ ಬಚ್ಚಲಿನ ಹೊಸ್ತಿಲು ದಾಟಿ ನೀರು ಬಂದಿತ್ತು. ಅಮಿತಾ ಒದ್ದೆ ಪಾದಗಳಲ್ಲಿ ಬಾಗಿಲಿಗೆ ಒರಗಿ ನಿಂತಿದ್ದಳು. ಒಂಬತ್ತು ವರ್ಷದ ಹುಡುಗಿ, ಶಾಲೆಗೆ ರಜೆ. ಅಪ್ಪನಿಗೆ ರಜೆ ಸಿಗದ್ದರಿಂದ ಈ ವರ್ಷ ಊರಿಲ್ಲ. ತುಳು ಎಲ್ಲ ಅರ್ಥವಾಗುತ್ತದೆ, ಬಾಯಿ ತೆರೆದರೆ ಬರುವುದು ಹೆಚ್ಚಾಗಿ ಇಂಗ್ಲಿಷು.

"ಹೂ ಈಸ್ ಗೆಟ್ಟಿಂಗ್ ಮ್ಯಾರೀಡ್, ಅಮ್ಮಾ?"

"ಲೋಕು ಮಾಮ," ಎಂದಳು ಉಮಾವತಿ, ನೆಲ ಒರೆಸುವ ಬಟ್ಟೆ ಹುಡುಕುತ್ತಾ. ಸುಳ್ಳು ಹೇಳುವ ಶಕ್ತಿ ಆ ಬೆಳಗ್ಗೆ ಅವಳಲ್ಲಿರಲಿಲ್ಲ. ನೆಲ ಒರೆಸುತ್ತಲೇ ಇದ್ದದ್ದನ್ನು ಇದ್ದ ಹಾಗೆ ಹೇಳಿದಳು. ಅಮಿತಾ ಹೆದರಲಿಲ್ಲ. ಸತ್ತವರಿಗೆ ಅಲ್ಲಿ ಹುಟ್ಟಿದ ಹಬ್ಬ ಇದೆಯೇ, ಆ ಹುಡುಗಿಯನ್ನು ಅಲ್ಲಿ ಬೆಳೆಸಿದವರು ಯಾರು ಎಂದು ಕೇಳಿದಳು. ಉಮಾವತಿ ಒದ್ದೆ ಬಟ್ಟೆಯನ್ನು ಬಚ್ಚಲಿನಲ್ಲಿ ಹಿಂಡಿದಳು.

ಲೋಕುವಿನ ಬಟ್ಟೆ ಇದ್ದದ್ದು ಜಹ್ರಾದಲ್ಲಿ, ಜೋಕಿಮ್‌ನ ಹತ್ತಿರ. ಜೋಕಿಮ್ ಶಿರ್ವದ ಕಡೆಯವನು, ಒಂದು ಕ್ಲಿನಿಕ್ಕಿನಲ್ಲಿ ರಕ್ತ ಪರೀಕ್ಷೆಯ ಕೆಲಸ. ಲೋಕು ಹೋಟೆಲೊಂದರ ಅಡಿಗೆಯ ದಾಸ್ತಾನು ನೋಡಿಕೊಳ್ಳುತ್ತಿದ್ದ. ಇಬ್ಬರೂ ಹತ್ತು ವರ್ಷ ಒಂದೇ ಕೋಣೆಯಲ್ಲಿ ಇದ್ದರು. ಶುಕ್ರವಾರ ಬಂತೆಂದರೆ ಜೋಕಿಮ್‌ನ ಹಳೆಯ ಕಾರಿನಲ್ಲಿ ಮೀನು ಹಿಡಿದುಕೊಂಡು ಬರುವರು. ಮೀನು ತರುವವನು ಲೋಕು, ಮುಟ್ಟಲು ಅಸಹ್ಯ ಎಂದು ಹೇಳಿ ದೂರ ಕೂರುವವನೂ ಅವನೇ. ಕತ್ತರಿಸಿ ತೊಳೆದು ಕೊಡುವವನು ಜೋಕಿಮ್. ಊಟವಾದ ಮೇಲೆ ಉಮಾವತಿ ಊರಿನಿಂದ ಬಂದ ಹುಡುಗಿಯರ ಫೋಟೋ ತೆಗೆಯುತ್ತಿದ್ದಳು. ಲೋಕು ಕಣ್ಣು ಹಾಯಿಸಿ, ಬರುವ ವರ್ಷ ನೋಡುವ ಅಕ್ಕ, ಎನ್ನುತ್ತಿದ್ದ. ಜೋಕಿಮ್ ಮಾತ್ರ ಫೋಟೋವನ್ನು ಬೆಳಕಿಗೆ ಹಿಡಿದು ತುಂಬ ಹೊತ್ತು ನೋಡಿ, ಮೂಗು ಒಳ್ಳೇದುಂಟು, ಎಂದು ಹಿಂದಕ್ಕೆ ಕೊಡುತ್ತಿದ್ದ. ಎಲ್ಲ ಹುಡುಗಿಯರ ಮೂಗೂ ಅವನಿಗೆ ಒಳ್ಳೆಯದೇ ಆಗಿತ್ತು. ಎಲ್ಲರೂ ನಗುತ್ತಿದ್ದರು.

ಒಂದು ಬೆಳಗ್ಗೆ ದಾಸ್ತಾನು ಕೋಣೆಯಲ್ಲಿ ಲೋಕು ಎದೆ ಹಿಡಿದುಕೊಂಡು ಕುಳಿತವನು ಏಳಲಿಲ್ಲ. ದೇಹದ ಜೊತೆ ಊರಿಗೆ ಹೋದದ್ದು ಉಮಾವತಿಯ ಗಂಡ ಪುರಂದರ. ಆಮೇಲೆ ಒಂದೆರಡು ಶುಕ್ರವಾರ ಜೋಕಿಮ್ ಬಂದ. ತಟ್ಟೆಯ ಮುಂದೆ ಕುಳಿತು ಅನ್ನವನ್ನು ಆಚೆಯಿಂದ ಈಚೆಗೆ ದೂಡಿ ಎದ್ದು ಹೋದ. ಮತ್ತೆ ಬರಲಿಲ್ಲ. ಕರೆಯಬೇಕು ಎಂದು ಉಮಾವತಿಗೆ ಆಗಾಗ ಅನಿಸುತ್ತಿತ್ತು. ಅಷ್ಟರಲ್ಲಿ ಕುಕ್ಕರು ಕೂಗುತ್ತಿತ್ತು, ಅಮಿತಾಳ ಶಾಲೆಯ ಬಸ್ಸು ಬರುತ್ತಿತ್ತು. ಹಾಗೇ ಎರಡು ವರ್ಷ ಹೋಗಿತ್ತು.

ಅಂಗಿಗಾಗಿ ಫೋನು ಮಾಡಿದಾಗ ಅವಳಿಗೆ ನಾಚಿಕೆಯಾಯಿತು. ಯಾಕೆ ಬೇಕು ಎಂದೂ ಹೇಳಿದಳು. 

"ಶುಕ್ರವಾರ ತರ್ತೇನೆ ಉಮಕ್ಕ," ಎಂದ ಜೋಕಿಮ್.

*

ಅವನು ತಂದ ಚೀಲದಲ್ಲಿ ಲೋಕುವಿನ ಅಂಗಿಗಳು ಇಸ್ತ್ರಿ ಹಾಕಿ ಮಡಚಿದ ಹಾಗೇ ಇದ್ದವು. ಎರಡು ವರ್ಷ ಮುಚ್ಚಿಟ್ಟ ಬಟ್ಟೆಯ ಮುಗ್ಗಲು ವಾಸನೆ ಇರಲಿಲ್ಲ. ಸಾಬೂನಿನ ವಾಸನೆ ಇತ್ತು. ಯಾವುದು ಬೇಕೋ ತಗೊಳ್ಳಿ ಎಂದ. ಅವನು ತೊಟ್ಟಿದ್ದ ನೀಲಿ ಗೀರಿನ ಅಂಗಿ ಕೂಡ ಲೋಕುವಿನದೇ ಎಂದು ಉಮಾವತಿಗೆ ಬಾಗಿಲಲ್ಲೇ ಗೊತ್ತಾಗಿತ್ತು. ಯಾವುದೋ ದೀಪಾವಳಿಗೆ ಅವಳೇ ಕೊಟ್ಟದ್ದು. ಜೋಕಿಮ್‌ಗೆ ಅದರ ತೋಳು ಗಿಡ್ಡವಾಗಿತ್ತು. ಅವಳು, ಬಾ ಕೂತ್ಕೊ, ಸೆಕೆಯಲ್ಲಿ ಬಂದಿದ್ದಿ, ಎಂದು ಪುನರ್ಪುಳಿ ಶರಬತ್ತು ಮಾಡಿಕೊಟ್ಟಳು.

ಚೀಲದ ತಳದಿಂದ ಅಮಿತಾ ಒಂದು ಸಿನಿಮಾದ ಡಿಸ್ಕು ಹೊರಗೆಳೆದಳು. ಕವರಿನ ಮೇಲೆ ಒಂದು ದೊಡ್ಡ ಮರ, ಅದರ ಸೊಂಟಕ್ಕೆ ಬಣ್ಣಬಣ್ಣದ ಬಟ್ಟೆ ಸುತ್ತಿತ್ತು. ಅಕ್ಷರಗಳು ಸುರುಳಿ ಸುರುಳಿ, ಕನ್ನಡದ ಹಾಗೆ ಕಂಡರೂ ಓದಲಿಕ್ಕಾಗದವು. ಥಾಯ್ಲೆಂಡಿನ ಭೂತದ ಸಿನಿಮಾ ಎಂದ ಜೋಕಿಮ್, ಗೊತ್ತಿಲ್ಲದೆ ಬಂದಿರಬೇಕು, ಇಲ್ಲಿ ಕೊಡು. ಆದರೆ ಭೂತ ಎಂದ ಮೇಲೆ ಹುಡುಗಿ ಬಿಡುವುದುಂಟೇ? ಅವನು ಕೈ ಚಾಚುವಷ್ಟರಲ್ಲಿ ಡಿಸ್ಕು ಪ್ಲೇಯರಿನ ಒಳಗೆ ಹೋಗಿತ್ತು. ಪುರಂದರ ರಾತ್ರಿ ಪಾಳಿ ಮುಗಿಸಿ ಬಂದವನು, ಶರ್ಕ್‌ನ ಹೋಟೆಲಿನಲ್ಲಿ ಯಾರದೋ ಮದುವೆಯ ಊಟ ಬಡಿಸಿ ಸೋತಿದ್ದ. ಇರಲಿ ಬಿಡು, ಒಂದು ಫೈಟ್ ಆದರೂ ಇದ್ದೀತು, ಎಂದು ಸೋಫಾದಲ್ಲಿ ಕಾಲು ಚಾಚಿದ.

ಫೈಟು ಇರಲಿಲ್ಲ. ಒಂದು ಹೊಳೆ, ಹೊಳೆಯ ಮೇಲೊಂದು ದೋಣಿ. ಉಮಾವತಿ ಅಡಿಗೆಮನೆಗೆ ಹೋಗಿ ಅಲಸಂಡೆ ಮುರಿದು ಬಂದರೂ ದೋಣಿ ಅಲ್ಲೇ ಇತ್ತು. ಅಮಿತಾ ಪರದೆಯ ಕೆಳಗೆ ಬರುವ ಇಂಗ್ಲಿಷನ್ನು ಪಾಠ ಒಪ್ಪಿಸುವ ಧ್ವನಿಯಲ್ಲಿ ಓದಿ ಹೇಳುತ್ತಿದ್ದಳು. ಒಬ್ಬ ಊರೂರಿಗೆ ಪರದೆ, ಯಂತ್ರ ಹೊತ್ತು ತಿರುಗಿ ಬಯಲಿನಲ್ಲಿ ಸಿನಿಮಾ ತೋರಿಸುವವನು. ಇನ್ನೊಬ್ಬ ಅವನನ್ನು ಹೊಳೆ ದಾಟಿಸುವ ದೋಣಿಯವನು. ಆ ಊರಿನಲ್ಲಿ ಸಿನಿಮಾ ತೋರಿಸುವುದು ಜನರಿಗಲ್ಲ, ಮರದಲ್ಲಿರುವ ಶಕ್ತಿಗೆ. ಹರಕೆ ಹೊತ್ತವರು ದುಡ್ಡು ಕೊಡುತ್ತಾರೆ, ಖಾಲಿ ಬಯಲಿನಲ್ಲಿ ಪರದೆ ಕಟ್ಟಿ ರಾತ್ರಿಯಿಡೀ ಸಿನಿಮಾ ಓಡುತ್ತದೆ, ನೋಡಲು ಒಂದು ನರಪಿಳ್ಳೆಯೂ ಇಲ್ಲ.

"ನಮ್ಮ ಹರಕೆ ಬಯಲಾಟದ ಹಾಗೆಯೇ," ಎಂದಳು ಉಮಾವತಿ, ಕೈಯಲ್ಲಿ ಚಾಕು ಹಿಡಿದುಕೊಂಡೇ ಕುರ್ಚಿಯ ತುದಿಗೆ ಕುಳಿತು.

"ಲೋಕು ಕೂಡ ಅದೇ ಹೇಳಿದ್ದು," ಎಂದ ಜೋಕಿಮ್. ಲೋಕುವಿನ ಹೋಟೆಲಿನ ಥಾಯಿ ಅಡಿಗೆಯವನು, ನಿನ್ನ ಊರಿನ ಭೂತದ ಕಥೆ ಕೇಳಿ ಸಾಕಾಯಿತು, ತಗೋ, ನಮ್ಮದೂ ನೋಡು, ಎಂದು ಕೊಟ್ಟ ಡಿಸ್ಕು ಅದು. ಮೊದಲ ಸಲ ನೋಡುವಾಗ ತಾನು ನಿದ್ದೆ ಮಾಡಿಬಿಟ್ಟೆ, ಲೋಕು ಎಬ್ಬಿಸಿ ಬೈದ, ಆಮೇಲೆ ಎಷ್ಟು ಸಲ ನೋಡಿದೆವೋ ಲೆಕ್ಕವಿಲ್ಲ ಎಂದು ನಕ್ಕ. ಆ ಮನೆಯಲ್ಲಿ ಅವನು ನಕ್ಕದ್ದು ಬಹಳ ಕಾಲದ ಮೇಲೆ.

ಪರದೆಯ ಮೇಲೆ ಸಿನಿಮಾದವನ ಕಾಲಿಗೆ ಮುಳ್ಳು ಚುಚ್ಚಿತ್ತು. ದೋಣಿಯವನು ಆ ಪಾದವನ್ನು ತೊಡೆಯ ಮೇಲಿಟ್ಟುಕೊಂಡು ಮುಳ್ಳು ತೆಗೆದ. ತೆಗೆದ ಮೇಲೂ ಪಾದವನ್ನು ಕೆಳಗಿಡಲಿಲ್ಲ. ದೋಣಿ ತಾನಾಗಿ ಹೋಗುತ್ತಲೇ ಇತ್ತು, ದಡದ ಮರಗಳು ಹಿಂದಕ್ಕೆ ಸರಿಯುತ್ತಲೇ ಇದ್ದವು.

ಅಮಿತಾ ಓದಿದಳು. ನೋವುಂಟಾ ಎಂದು ಅವನು ಕೇಳುತ್ತಾನೆ. ಇಲ್ಲ, ಇನ್ನು ಸ್ವಲ್ಪ ಹೊತ್ತು ಹಾಗೇ ಹಿಡಿದುಕೋ ಎಂದು ಇವನು ಹೇಳುತ್ತಾನೆ.

ಪುರಂದರ ಒಂದು ಸಲ ಕೆಮ್ಮಿ, ಗೋಡೆಯ ಕಡೆ ತಿರುಗಿ ಮಲಗಿದ. ಅಮಿತಾ ಪರದೆಯಿಂದ ಕಣ್ಣು ತೆಗೆದು ಅಮ್ಮನನ್ನು ನೋಡಿದಳು, ಆಮೇಲೆ ಜೋಕಿಮ್‌ನನ್ನು. ಜೋಕಿಮ್ ತನ್ನ ಗಿಡ್ಡ ತೋಳಿನ ಗುಂಡಿಯನ್ನು ನೋಡುತ್ತಿದ್ದ. ಉಮಾವತಿಗೆ ಅಲ್ಲಿಂದ ಏಳಬೇಕೆನಿಸಿತು. ಒಲೆಯ ಮೇಲೆ ಸಾರು ಇತ್ತು, ನೆಪಕ್ಕೆ ಸಾಕಿತ್ತು. ಆದರೆ ಎದ್ದರೆ ಆ ಏಳುವುದೇ ಒಂದು ಮಾತಾದೀತು ಎಂದು ಅವಳು ಕುಳಿತೇ ಇದ್ದಳು.

ದೋಣಿಯವನು ಒಂದು ದಿನ ಕಾಡಿಗೆ ಹೋದವನು ಬರಲಿಲ್ಲ. ಮರ ಅವನನ್ನು ಇಟ್ಟುಕೊಂಡಿತು ಎಂದರು ಊರವರು. ಸಿನಿಮಾದವನು ಯಂತ್ರವನ್ನು ಹೊತ್ತು ಒಬ್ಬನೇ ಕಾಡಿಗೆ ಹೋದ. ಮರದೆದುರು ಪರದೆ ಕಟ್ಟಿ ಒಂದೇ ಒಂದು ಕುರ್ಚಿ ಹಾಕಿದ. ಕುರ್ಚಿಯ ಬದಿಗೆ ಒಂದು ತಟ್ಟೆ ಅನ್ನ, ಕೆಂಪು ಶರಬತ್ತಿನ ಬಾಟಲಿ, ಅದರಲ್ಲೊಂದು ಕುಡಿಯುವ ಕೊಳವೆ. ಹಾಗೆ ಬಡಿಸಿಟ್ಟು ದೂರ ಹೋಗಿ ಬೆನ್ನು ತಿರುಗಿಸಿ ನಿಂತ. ತುಂಬ ಹೊತ್ತು ಹಾಗೇ ನಿಂತು, ಹಿಂದೆ ತಿರುಗುವ ಮುಂಚೆ ಸಣ್ಣಗೆ ಕೆಮ್ಮಿದ.

ಉಮಾವತಿಗೆ ಊರಿನ ಮನೆ ನೆನಪಾಯಿತು. ಆಟಿಯ ಅಮಾವಾಸ್ಯೆಗೆ ಅಮ್ಮ ಹೀಗೆಯೇ ಸತ್ತವರಿಗೆ ಎಲೆ ಹಾಕಿ ಬಡಿಸಿ, ಎಲ್ಲರನ್ನೂ ಹೊರಗೆ ಕರೆದು ಬಾಗಿಲು ಮುಚ್ಚುತ್ತಿದ್ದಳು. ಅವರು ಉಣ್ಣುವಾಗ ನೋಡಬಾರದು. ಒಳಗೆ ಹೋಗುವ ಮುಂಚೆ ಬಾಗಿಲು ತಟ್ಟಿ ಸದ್ದು ಮಾಡಬೇಕು. ಹಾಗೆ ಬಡಿಸುವ ಹಕ್ಕು ಮನೆಯವರಿಗೆ ಮಾತ್ರ. ಎಷ್ಟೇ ಹತ್ತಿರದ ನೆಂಟರಾದರೂ ಅಮ್ಮ ಸೌಟು ಮುಟ್ಟಲು ಬಿಡುತ್ತಿರಲಿಲ್ಲ.

ಕೊನೆಯಲ್ಲಿ ಖಾಲಿ ಕುರ್ಚಿಯ ಕಡೆಯಿಂದ ಒಂದು ದನಿ ಬಂತು. ನಿನ್ನ ಮುಖ ಮರೆತುಹೋಗುತ್ತಾ ಇದೆ, ಬೆಳಕಿಗೆ ಬಾ, ಎಂದಿತು. ಸಿನಿಮಾದವನು ಬಂದು ಪರದೆಯ ಮುಂದೆ ನಿಂತ. ಓಡುತ್ತಿದ್ದ ಸಿನಿಮಾ ಅವನ ಮುಖದ ಮೇಲೆ, ಅಂಗಿಯ ಮೇಲೆ ಬಿತ್ತು. ಹೊಳೆ ಅವನ ಎದೆಯ ಮೇಲೆ ಹರಿಯಿತು, ಮರಗಳು ಹಣೆಯ ಮೇಲೆ ಸರಿದವು. ಅವನು ಕಣ್ಣು ಕಿರಿದು ಮಾಡದೆ ನಿಂತೇ ಇದ್ದ. ಎಷ್ಟು ಹೊತ್ತಾದರೂ ಅಷ್ಟೇ. ಆಮೇಲೆ ಸುರುಳಿ ಅಕ್ಷರದ ಹೆಸರುಗಳು ಬಂದವು.

"ಈಸ್ ದ್ಯಾಟ್ ಆಲ್? ಭೂತ ಬರ್ಲೇ ಇಲ್ಲ," ಎಂದಳು ಅಮಿತಾ. ಸ್ವಲ್ಪ ಬಿಟ್ಟು, "ಅಮ್ಮಾ, ಜೋಕಿಮ್ ಅಂಕಲ್..." ಎಂದು ಶುರು ಮಾಡಿದಳು.

"ಮತ್ತೆ ಮಾತಾಡುವ. ಹೋಗಿ ಕೈ ತೊಳ್ಕೊ."

*

ಊಟವಾದ ಮೇಲೆ ಜೋಕಿಮ್ ತಟ್ಟೆಗಳನ್ನು ಎತ್ತಿಕೊಂಡು ಅಡಿಗೆಮನೆಗೆ ಬಂದ. ಹಿಂದೆಯೂ ಹಾಗೇ ಮಾಡುತ್ತಿದ್ದ. ಅವನು ತೊಳೆದು ಕೊಟ್ಟ ಹಾಗೆ ಉಮಾವತಿ ಒರೆಸಿ ಇಟ್ಟಳು. ನಲ್ಲಿಯ ನೀರಿಗೆ ಅವನ ಕೈ ಕೆಂಪಗಾಗುತ್ತಿತ್ತು, ಬಿಡು ಎಂದರೂ ಬಿಡಲಿಲ್ಲ.

"ಬಡಿಸಿ ಬೆನ್ನು ತಿರುಗಿಸಿ ನಿಂತನಲ್ಲ," ಎಂದಳು ಅವಳು. "ನಮ್ಮಲ್ಲೂ ಹಾಗೇ."

"ಗೊತ್ತುಂಟು ಅಕ್ಕ. ಲೋಕು ಹೇಳಿದ್ದ."

ಆಮೇಲೆ ಅವನು ತೊಳೆಯುತ್ತಲೇ ಹೇಳಿದ, ಅವಳ ಕಡೆ ನೋಡದೆ. ಲೋಕು ಹೋದ ಮೇಲೆ ಪ್ರತಿ ಅಮಾವಾಸ್ಯೆಗೆ ತಾನು ಅವನಿಗೆ ಬಡಿಸುತ್ತೇನೆ ಎಂದ. ಬಾಳೆ ಎಲೆ ಸಿಗುವುದಿಲ್ಲ, ತಟ್ಟೆಯಲ್ಲೇ. ಕುಚ್ಚಲಕ್ಕಿ ಅನ್ನ, ಕೋಳಿ, ಅವನಿಗೆ ಇಷ್ಟ ಎಂದು ಒಂದು ತುಂಡು ಉಪ್ಪಿನಕಾಯಿ. ಬಾಗಿಲು ಮುಚ್ಚಿ ಹೊರಗೆ ಹೋಗಬೇಕು ಎಂದು ಗೊತ್ತಿತ್ತು, ಆದರೆ ಇರುವುದು ಒಂದೇ ಕೋಣೆ. ಹಾಗಾಗಿ ಮೆಟ್ಟಿಲಿಳಿದು ಕೆಳಗೆ ಬಿಸಿಲಲ್ಲಿ ಹೋಗಿ ನಿಲ್ಲುತ್ತಾನೆ. ಕೆಳಗಿನ ಬಕಾಲಾ ಅಂಗಡಿಯ ಇಬ್ರಾಹಿಂ ಖಲೀಲ್, ಉಳ್ಳಾಲದವನು, ಪ್ರತಿ ಸಲವೂ ಏನು ಜೋಕಿಮಣ್ಣ, ಇವತ್ತೂ ಕೀ ಒಳಗೆ ಬಾಕಿಯಾ ಎಂದು ಕೇಳುತ್ತಾನೆ. ಹೌದು ಎನ್ನುತ್ತಾನೆ ಜೋಕಿಮ್. ಆಮೇಲೆ ಮೇಲೆ ಹೋಗಿ ತನ್ನ ಕೋಣೆಯ ಬಾಗಿಲನ್ನು ತಾನೇ ತಟ್ಟಿ, ಸ್ವಲ್ಪ ನಿಂತು, ಒಳಗೆ ಹೋಗುತ್ತಾನೆ.

"ತಪ್ಪಾ ಅಕ್ಕ?" ಎಂದ. "ನಮ್ಮವರ ಹಾಗೆ ಇಗರ್ಜಿಯಲ್ಲಿ ಪೂಜೆಗೂ ಕೊಟ್ಟಿದ್ದೇನೆ, ಹೆಸರು ಹೇಳ್ಲಿಲ್ಲ. ಆದ್ರೆ ಅವನು ಇಗರ್ಜಿಗೆ ಬರುವ ಜನ ಅಲ್ಲ. ಊಟಕ್ಕಾದ್ರೆ ಬಂದಾನು."

ಉಮಾವತಿ ಒರೆಸಿದ ತಟ್ಟೆಯನ್ನೇ ಮತ್ತೆ ಒರೆಸಿದಳು. ಎರಡು ವರ್ಷದಲ್ಲಿ ಅವಳು ಒಂದು ಸಲವೂ ತಮ್ಮನಿಗೆ ಬಡಿಸಿರಲಿಲ್ಲ. ಅದೆಲ್ಲ ಊರಿನಲ್ಲಿ ಆಗುತ್ತದೆ, ದೊಡ್ಡಣ್ಣ ನೋಡಿಕೊಳ್ಳುತ್ತಾನೆ ಎಂದು ಬಿಟ್ಟಿದ್ದಳು.

"ತಪ್ಪಲ್ಲ," ಎಂದಳು.

ಜೋಕಿಮ್ ನಲ್ಲಿ ಬಂದ್ ಮಾಡಿದ. ಕೈ ಒರೆಸಿಕೊಳ್ಳದೆ ಹಾಗೇ ನಿಂತ.

"ಮದುವೆ ಆದ್ಮೇಲೆ ಎಂತ ಕ್ರಮ ಅಕ್ಕ? ನಾನು ಬಡಿಸ್ಬಹುದಾ? ಮತ್ತೆ ಎರಡು ಪ್ಲೇಟ್ ಇಡ್ಬೇಕಾ?"

ಚುಚ್ಚಿ ಕೇಳಿದ್ದಲ್ಲ. ಔಷಧಿ ಊಟಕ್ಕೆ ಮುಂಚೆಯೋ ಆಮೇಲೆಯೋ ಎಂದು ಕೇಳುವವನ ಹಾಗೆ, ತಿಳಿದುಕೊಳ್ಳಲಿಕ್ಕೆ ಕೇಳಿದ್ದು. ಉಮಾವತಿ, ನೋಡುವ, ಅಣ್ಣನನ್ನು ಕೇಳಿ ಹೇಳ್ತೇನೆ, ಎಂದಳು. ಹೇಳಿದ ಮೇಲೆ ಆ ಮಾತು ಎಷ್ಟು ಹುಚ್ಚು ಎಂದು ಅವಳಿಗೇ ಅನಿಸಿತು. ತಿರುಗಿದರೆ ಅಮಿತಾ ಬಾಗಿಲಲ್ಲಿ ನಿಂತಿದ್ದಳು, ಸಿನಿಮಾದ ಕವರು ಕೈಯಲ್ಲಿತ್ತು.

*

ಶನಿವಾರವಿಡೀ ಧೂಳು ಗಾಳಿ. ಕಿಟಕಿಯ ಸಂದಿಗಳಿಗೆ ಒದ್ದೆ ಬಟ್ಟೆ ತುರುಕಿದರೂ ಮಂಚದ ಮೇಲೆ, ತಟ್ಟೆಗಳ ಮೇಲೆ, ನಾಲಿಗೆಯ ಮೇಲೆ ಸಣ್ಣ ಮರಳು. ಉಮಾವತಿ ಬೆಳಗ್ಗೆ ಒರೆಸಿದಳು, ಮಧ್ಯಾಹ್ನ ಒರೆಸಿದಳು. ಮೇಲಿನ ಮಹಡಿಯ ಆಲಿವ್ ಮರುದಿನ ಸಂಜೆ ಊರಿಗೆ ಹೊರಟಿದ್ದಳು, ಕೊಡಲಿಕ್ಕಿದ್ದದ್ದು ಏನಿದ್ದರೂ ಬೇಗ ಕೊಡಿ, ತೂಕ ನೋಡಬೇಕು ಎಂದು ಹೇಳಿ ಹೋಗಿದ್ದಳು. ಒಂದು ಬಿಳಿ ಅಂಗಿಯನ್ನು ಉಮಾವತಿ ಪ್ಲಾಸ್ಟಿಕ್ಕಿನಲ್ಲಿ ಸುತ್ತಿದಳು. ಬಿಚ್ಚಿದಳು. ಮತ್ತೆ ಸುತ್ತಿ ಟೀವಿಯ ಮೇಲಿಟ್ಟಳು.

ಅಮಿತಾ ಅವಳ ಹಿಂದೆಯೇ ಸುತ್ತುತ್ತಿದ್ದಳು. ಅಮ್ಮಾ, ಲೋಕು ಮಾಮ ಮತ್ತೆ ಜೋಕಿಮ್ ಅಂಕಲ್, ಎನ್ನುವಾಗ ಉಮಾವತಿಗೆ ಒಲೆಯ ಮೇಲೆ ಹಾಲು ನೆನಪಾಯಿತು. ಇನ್ನೊಮ್ಮೆ ಶುರು ಮಾಡಿದಾಗ ಇಸ್ತ್ರಿ ಪೆಟ್ಟಿಗೆ ಬಿಸಿಯಾಗಿತ್ತು, ಹತ್ತಿರ ಬರಬೇಡ ಎಂದಳು. ಹುಡುಗಿ ಮೂರನೆಯ ಸಲ ಬಾಯಿ ತೆರೆದು ತಾನೇ ಮುಚ್ಚಿಕೊಂಡು ಹೋಗಿ ಬಣ್ಣದ ಪೆನ್ಸಿಲು ತೆಗೆದಳು. ಕೇಳಬಾರದ ಮಾತು ಯಾವುದು ಎಂದು ಮಕ್ಕಳಿಗೆ ಯಾರೂ ಹೇಳಿಕೊಡುವುದಿಲ್ಲ. ಅಮ್ಮನ ಬೆನ್ನು ನೋಡಿ ಕಲಿಯುತ್ತಾರೆ. ಆ ಯೋಚನೆ ಬಂದಾಗ ಉಮಾವತಿಗೆ ಇನ್ನಷ್ಟು ಸುಸ್ತಾಯಿತು.

ಸಂಜೆ ಪುರಂದರ ಕೆಲಸಕ್ಕೆ ಹೊರಡಲು ಷೂ ಹಾಕುತ್ತಿದ್ದಾಗ ಅವಳು ಎದುರು ಕುಳಿತು ಜೋಕಿಮ್ ಹೇಳಿದ್ದನ್ನು ಹೇಳಿದಳು. ಅವನಿಗೆ ಆಶ್ಚರ್ಯವಾಗಲಿಲ್ಲ.

"ನಂಗೆ ಗೊತ್ತಿತ್ತು," ಎಂದ, ಲೇಸು ಎಳೆಯುತ್ತಾ. "ಮೋರ್ಚರಿಯಲ್ಲಿ ಅವನ ತಲೆ ಬಾಚಿದ್ದು ಜೋಕಿಮ್. ನಾನೇ ಬಾಚಲಿಕ್ಕೆ ಹೋದೆ, ಬೈತಲೆ ಯಾವ ಕಡೆ ಅಂತ ನಂಗೆ ಗೊತ್ತಾಗ್ಲಿಲ್ಲ. ಅವನು ಬಾಚಣಿಗೆ ತಕ್ಕೊಂಡ. ಯಾರನ್ನೂ ಕೇಳದೆ ಬೈತಲೆ ತೆಗೆದ, ಆ ಕೈ ನೋಡಿ ಗೊತ್ತಾಯ್ತು."

"ಮತ್ತೆ ನಂಗೆ ಯಾಕೆ ಹೇಳ್ಲಿಲ್ಲ?"

"ಹೇಳಿ ಎಂತ ಮಾಡ್ಲಿಕ್ಕುಂಟು ಉಮಾ?" ಪುರಂದರ ಎದ್ದು ನಿಂತ. ಅವನು ಕೆಟ್ಟವನಲ್ಲ, ದಣಿದವನು. ನಾಳೆ ಒಪ್ಪಿಗೆ ಎಂದುಬಿಡು, ಒಂದು ಶಬ್ದ, ಖಲಾಸ್ ಎಂದ. ದೊಡ್ಡಣ್ಣನ ಮಗಳು ಎಷ್ಟು ಸಲ ಸೀರೆ ಉಟ್ಟು ಬಂದವರ ಎದುರು ಕೂತಿದ್ದಾಳೆ, ನಾಳೆ ನೀನು ಇಲ್ಲ ಎಂದರೆ ಯಾಕೆ ಎಂದು ಕೇಳುತ್ತಾರೆ, ಆಗ ಎಲ್ಲರೆದುರು ಏನೆಂದು ಹೇಳುತ್ತಿ? ಸತ್ತವನ ಹೆಸರು ಕೆಡುತ್ತದೆ, ಅಷ್ಟೆ. "ಸತ್ತವನಿಗೆ ಎಂತ ಆಗ್ಲಿಕ್ಕುಂಟು? ಬದುಕಿದ ಹುಡುಗಿಯ ಬಗ್ಗೆ ಯೋಚನೆ ಮಾಡು."

"ಜೋಕಿಮ್ ಬದುಕಿದ್ದಾನೆ," ಎಂದಳು ಉಮಾವತಿ.

ಪುರಂದರ ಬಾಗಿಲ ಚಿಲಕ ತೆಗೆದ. ಆಮೇಲೆ, ಮುಖಕ್ಕೆ ಟವೆಲು ಸುತ್ತಿಕೊಂಡು ಧೂಳಿನೊಳಗೆ ಇಳಿದು ಹೋದ.

*

ಆದಿತ್ಯವಾರ ಗಾಳಿ ನಿಂತಿತ್ತು. ಪುರಂದರ ಇನ್ನೂ ಬಂದಿರಲಿಲ್ಲ. ಉಮಾವತಿ ಸ್ನಾನ ಮಾಡಿ ಸೀರೆ ಉಟ್ಟು ಸೋಫಾದಲ್ಲಿ ಕುಳಿತಳು. ಫೋನಿನಲ್ಲಾದರೂ ನಿಶ್ಚಯ ನಿಶ್ಚಯವೇ. ಅಮಿತಾ ತಾನಾಗಿಯೇ ಒಳ್ಳೆಯ ಫ್ರಾಕು ಹಾಕಿಕೊಂಡು ಬಂದು ಪಕ್ಕದಲ್ಲಿ ಕುಳಿತಳು. ಕೊನೆಗೆ ಏನು ಹೇಳುವುದೆಂದು ಉಮಾವತಿ ನಿರ್ಧರಿಸಿರಲಿಲ್ಲ. ಬಾಯಿಗೆ ಬಂದಾಗ ಬರುತ್ತದೆ ಎಂದುಕೊಂಡಿದ್ದಳು, ಹೆರಿಗೆಯ ಹಾಗೆ.

ಫೋನಿನಿಂದ ಮೊದಲು ಬಂದದ್ದು ಮಳೆಯ ಸದ್ದು. ಆಮೇಲೆ ಲೋಟಗಳ ಸದ್ದು, ವೀಳ್ಯದ ತಟ್ಟೆ ಇತ್ತ ಕೊಡಿ ಎನ್ನುವ ಯಾರದೋ ದನಿ, ನಗು. ನಿಜವಾದ ಮದುವೆಮನೆಯ ಗದ್ದಲವೇ. ದೊಡ್ಡಣ್ಣ ಸಂತೋಷದಲ್ಲಿದ್ದ. ಅಂಗಿ ಸಿಕ್ಕಿತೇ ಎಂದು ಕೇಳಿದ, ಸಿಕ್ಕಿದೆ ಎಂದಳು. ಅವನ ಮಗಳು ಬಂದು, ಅತ್ತೆ, ನಿಮ್ಮ ಬಾಯಿಂದ ಬಂದ್ರೆ ಒಳ್ಳೇದಾಗ್ತದೆ, ಎಂದು ಮೆಲ್ಲಗೆ ಹೇಳಿ ಹೋದಳು. ಆಮೇಲೆ ಯಾರೋ ಫೋನನ್ನು ಕಟಪಾಡಿಯ ಹುಡುಗಿಯ ತಾಯಿಯ ಹತ್ತಿರ ಹಿಡಿದರು.

ಮುದುಕಿಗೆ ಫೋನಿನಲ್ಲಿ ಮಾತಾಡಿ ಅಭ್ಯಾಸವಿದ್ದಂತಿರಲಿಲ್ಲ. ದೂರದವರನ್ನು ಕರೆಯುವ ಹಾಗೆ ಜೋರಾಗಿ ಮಾತಾಡಿದಳು.

"ನಮ್ಮ ಮಗು ಇಷ್ಟು ವರ್ಷ ಒಬ್ಬಳೇ ಇತ್ತು ತಂಗಿ. ಕತ್ತಲೆ ಅಂದ್ರೆ ಹೆದರುವ ಮಗು. ಇನ್ನು ಒಂದು ಜನ ಆಯ್ತಲ್ಲ. ನಿಮ್ಮ ತಮ್ಮ ಒಳ್ಳೆಯವನಂತೆ, ಎಲ್ಲ ಹೇಳ್ತಾರೆ."

"ಹೌದು," ಎಂದಳು ಉಮಾವತಿ. "ಒಳ್ಳೆಯವನು." ಅವಳ ಕಣ್ಣಿನಿಂದ ನೀರು ಇಳಿಯಿತು. ಆ ತಾಯಿಗಾಗಿಯೋ, ಲೋಕುವಿಗಾಗಿಯೋ, ಬಿಸಿಲಲ್ಲಿ ಕೆಳಗೆ ಹೋಗಿ ನಿಲ್ಲುವವನಿಗಾಗಿಯೋ ಅವಳಿಗೆ ತಿಳಿಯಲಿಲ್ಲ. ಒಬ್ಬರ ಒಂಟಿತನಕ್ಕೆ ಇನ್ನೊಬ್ಬರದನ್ನು ಬೆಲೆ ಕೊಡಬೇಕಾಗುವ ಇಂಥ ವ್ಯವಹಾರವನ್ನು ತನ್ನ ತಲೆಗೇ ಯಾಕೆ ಕಟ್ಟಿದರೋ ಎಂದು ಮಾತ್ರ ಅನಿಸಿತು. ಅಮಿತಾ ಅಮ್ಮನ ಮುಖ ನೋಡಿ, ಸೀರೆಯ ಸೆರಗಿನಿಂದ ತಾನೇ ಒರೆಸಿದಳು.

ಗುರಿಕಾರರು ಗಂಟಲು ಸರಿಮಾಡಿಕೊಂಡರು. ಗದ್ದಲ ನಿಂತಿತು. ಎರಡೂ ಮನೆತನದ ಹೆಸರು ಹೇಳಿ, ಹೋದ ಹಿರಿಯರ ಹೆಸರು ಹೇಳಿ, ಈ ಗಂಡಿಗೆ ಆ ಹೆಣ್ಣನ್ನು ತರಲು ಮನೆಯವರೆಲ್ಲರ ಒಪ್ಪಿಗೆ ಇದೆಯೋ ಎಂದು ಕೇಳಿದರು.

ಉಮಾವತಿ ಬಾಯಿ ತೆರೆದಳು. ಶಬ್ದ ನಾಲಿಗೆಯ ತುದಿಯವರೆಗೆ ಬಂದು ನಿಂತಿತು.

"ಹಲೋ, ಉಮಾ? ಕೇಳ್ತಾ ಉಂಟಾ?" ದೊಡ್ಡಣ್ಣನ ದನಿ. ಲೈನು ಸರಿ ಇಲ್ಲ, ಮಳೆಗೆ ಹೀಗೇ, ಎಂದು ಅಲ್ಲಿ ಯಾರೋ ಹೇಳಿದರು.

ಗುರಿಕಾರರು ಎರಡನೆಯ ಸಲ ಕೇಳಿದರು, ಈ ಸಲ ಇನ್ನೂ ನಿಧಾನವಾಗಿ. ಮನೆಯವರೆಲ್ಲರ ಒಪ್ಪಿಗೆ ಇದೆಯೋ? ಉಮಾವತಿ ಫೋನಿನ ಬದಿಯನ್ನು ಎರಡು ಬೆರಳಿನಿಂದ ಹಿಡಿದುಕೊಂಡಳು. ಹೊರಗೆ ಎದುರು ಕಟ್ಟಡದ ಬಾಲ್ಕನಿಯಲ್ಲಿ ಯಾರೋ ಧೂಳು ಹಿಡಿದ ಚಾದರವನ್ನು ಕೊಡವುತ್ತಿದ್ದರು, ಬಿಸಿಲಲ್ಲಿ ಅದರ ಧೂಳು ಕೆಳಗಿಳಿಯದೆ ಹಾಗೇ ನಿಂತಿತ್ತು. ಮೂರನೆಯ ಸಲ ಕೇಳುವ ಮುಂಚೆ ಅಲ್ಲಿ ಮಳೆ ಮಾತ್ರ ಕೇಳುತ್ತಿತ್ತು.

ಅಮಿತಾ ಒಮ್ಮೆ ಅಮ್ಮನ ಕಡೆ ನೋಡಿದಳು. ಈ ಸಲ ಅಮ್ಮನಿಗೆ ಹಾಲು ನೆನಪಾಗಲಿಲ್ಲ, ಇಸ್ತ್ರಿ ನೆನಪಾಗಲಿಲ್ಲ. ಹುಡುಗಿ ಫೋನಿನ ಹತ್ತಿರಕ್ಕೆ ಬಗ್ಗಿ, ಒಂದೊಂದೇ ಪದ ಹುಡುಕಿ ಜೋಡಿಸಿಕೊಂಡು, ದೊಡ್ಡಮಾಮನಿಗೆ ಅರ್ಥವಾಗುವ ತುಳುವಿನಲ್ಲೇ ಕೇಳಿದಳು.

"ಜೋಕಿಮ್ ಅಂಕಲ್‌ನ ಕೇಳಿದ್ರಾ?"